ಫೈಲ್ ಹಾಕೋ ಅಣ್ಣ

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ಯಾವ ಊರಿನ ಬಸ್‌ಸ್ಟ್ಯಾಂಡಿನ ಹಿಂದಿನ ಗಲ್ಲಿಗೆ ಹೋದರೂ ಈತನ ಅಂಗಡಿ ಸಿಗುತ್ತದೆ, ಈತ ಸಿಗುವುದಿಲ್ಲ. ಬೋರ್ಡಿನ ಮೇಲೆ ‘ಕಂಪ್ಯೂಟರ್ ಸೇಲ್ಸ್ ಅಂಡ್ ಸರ್ವೀಸ್’ ಎಂದಿರುತ್ತದೆ. ಸೇಲ್ಸ್ ನಡೆದದ್ದನ್ನು ಕಂಡವರಿಲ್ಲ. ಹೊಟ್ಟೆ ಬಗೆದ ನಾಲ್ಕು ಸಿಪಿಯುಗಳ ನಡುವೆ ಕೂತ ಹುಡುಗ, “ಅಣ್ಣ ಈಗ್ ಬತ್ತಾರೆ, ಕೂತ್ಕಳಿ” ಅನ್ನುತ್ತಾನೆ. ಅಣ್ಣ ಆಗ ಇನ್ನೊಂದು ತಾಲ್ಲೂಕಿನಲ್ಲಿರುತ್ತಾನೆ.

ಫೋನಿನಲ್ಲಿ ಮಾತ್ರ ತಕ್ಷಣ ಸಿಗುತ್ತಾನೆ.

“ಏನಂತ ಬತ್ತೈತೆ ಸಾ?”

“ಅದೇನೋ ಎಂಎಸ್‌ವಿಸಿಪಿ140 ಡಿಎಲ್‌ಎಲ್ ಇಲ್ಲ ಅಂತಪ್ಪ.”

“ಓ, ಅದಾ! ಫೈಲ್ ಹೋಗೈತೆ. ಏನೂ ಮುಟ್‌ಬ್ಯಾಡಿ, ಬಂದೆ.”

ಫೈಲು ಎಲ್ಲಿಗೆ ಹೋಯಿತು, ಯಾಕೆ ಹೋಯಿತು ಎಂದು ಆತ ಹೇಳುವುದಿಲ್ಲ, ನಾವೂ ಕೇಳುವುದಿಲ್ಲ. ಡಿಟಿಪಿ ಸೆಂಟರಿನ ಬೆಂಚಿನ ಮೇಲೆ ಮಗಳ ಲಗ್ನಪತ್ರಿಕೆಗೆ ಕಾದು ಕೂತ ಯಜಮಾನರೊಬ್ಬರು ಮಾತ್ರ ಎಲೆಯಡಿಕೆ ಜಗಿಯುತ್ತ, “ಹೋಗಿರೋದು ಯಾರ್ ಫೈಲು ಸ್ವಾಮಿ, ತಾಲ್ಲೂಕಾಪೀಸ್‌ದಾ?” ಎಂದು ಕನಿಕರದಿಂದ ವಿಚಾರಿಸುತ್ತಾರೆ.

ಡಿಎಲ್‌ಎಲ್ ಎಂದರೆ ದೇವಸ್ಥಾನದ ಉಗ್ರಾಣದಲ್ಲಿರುವ ಊರೊಟ್ಟಿನ ಪಾತ್ರೆ ಇದ್ದ ಹಾಗೆ. ಮದುವೆಗೊಂದು ಕೊಪ್ಪರಿಗೆಯನ್ನು ಯಾರೂ ಕೊಳ್ಳುವುದಿಲ್ಲ, ಎಲ್ಲರೂ ಅಲ್ಲಿಂದಲೇ ತರುತ್ತಾರೆ. ಪ್ರೋಗ್ರಾಂಗಳೂ ಹಾಗೇ, ಎಲ್ಲರಿಗೂ ಬೇಕಾದ ಕೆಲಸದ ಭಾಗವನ್ನು ವಿಂಡೋಸ್‌ನಲ್ಲಿ ಒಂದೇ ಕಡೆ ಇಟ್ಟು ಹಂಚಿಕೊಳ್ಳುತ್ತವೆ. ಬೇಕಾದದ್ದು ಉಗ್ರಾಣದಲ್ಲಿಲ್ಲದಿದ್ದರೆ ಒಲೆಯೇ ಹತ್ತುವುದಿಲ್ಲ. ಈ ಎಂಎಸ್‌ವಿಸಿಪಿ140 ಒಂಟಿಯಾಗಿ ಬರುವ ಸಾಮಾನಲ್ಲ. ವಿಸಿರನ್‌ಟೈಮ್140 ಮುಂತಾದ ಒಡಹುಟ್ಟಿದವರ ಜೊತೆ, ಮೈಕ್ರೋಸಾಫ್ಟ್ ಪುಕ್ಕಟೆ ಕೊಡುವ ‘ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್’ ಎಂಬ ಪ್ಯಾಕೇಜಿನಲ್ಲಿ ಬರುತ್ತದೆ.

ಅಷ್ಟರಲ್ಲಿ ಅಣ್ಣ ಬಂದ. ಪರದೆಯ ಮೇಲಿನ ಸಂದೇಶದ ಕೊನೆಯ ಸಾಲಿನಲ್ಲಿ, ಪ್ರೋಗ್ರಾಮನ್ನು ಮತ್ತೆ ಇನ್‌ಸ್ಟಾಲ್ ಮಾಡಿದರೆ ಸರಿಹೋಗಬಹುದು ಎಂದು ಕಂಪ್ಯೂಟರೇ ಬಾಯಿಬಿಟ್ಟು ಹೇಳಿರುತ್ತದೆ. ಅದನ್ನು ಓದುವುದು ಆತನ ಘನತೆಗೆ ಕಡಿಮೆ. ಓಕೆ ಒತ್ತಿ ಜೇಬಿಗೆ ಕೈ ಹಾಕುತ್ತಾನೆ.

ಹೊರಬರುವುದು ಪೆನ್‌ಡ್ರೈವ್. ಮುಚ್ಚಳ ಕಳೆದು, ರಬ್ಬರ್‌ಬ್ಯಾಂಡ್ ಸುತ್ತಿಸಿಕೊಂಡು, ಬೀಗದಕೈ ಗೊಂಚಲಿನಲ್ಲಿ ನೇತಾಡುವ ವಸ್ತು. ಉಫ್ ಎಂದು ಊದಿ ಚುಚ್ಚುತ್ತಾನೆ. ಒಳಗೆ ‘ನ್ಯೂ ಫೋಲ್ಡರ್’, ಅದರೊಳಗೆ ‘ನ್ಯೂ ಫೋಲ್ಡರ್ 2’, ಅದರೊಳಗೆ ‘ಇಂಪಾರ್ಟೆಂಟ್’, ಅದರೊಳಗೆ ಯಾರದೋ ಗೃಹಪ್ರವೇಶದ ಫೋಟೋಗಳ ಪಕ್ಕದಲ್ಲಿ ಡಿಎಲ್‌ಎಲ್‌ಗಳು. ಹೊಳೆನರಸೀಪುರದ ಸಿಸ್ಟಮ್ಮಿನಿಂದ ಎತ್ತಿದ್ದು ಚನ್ನರಾಯಪಟ್ಟಣಕ್ಕೆ, ಅಲ್ಲಿಯದು ಅರಕಲಗೂಡಿಗೆ. ಜೊತೆಗೆ ವೈರಸ್ಸಿಗೂ ಟಿಕೆಟ್ಟಿಲ್ಲದ ಜಿಲ್ಲಾ ಪ್ರವಾಸ. ಆ್ಯಂಟಿವೈರಸ್ ಬಡಕೊಂಡರೆ, “ಇದೊಂದು ಸುಮ್ಕೆ ಕಿರಿಕಿರಿ” ಎಂದು ಅದರ ಬಾಯಿಯನ್ನೇ ಮುಚ್ಚುತ್ತಾನೆ.

ಫೈಲನ್ನು ಸಿಸ್ಟಮ್32 ಫೋಲ್ಡರಿಗೆ ಹಾಕಿದ್ದಾಯಿತು. ಪ್ರೋಗ್ರಾಂ ತೆರೆದರೆ ಈಗ 0ಎಕ್ಸ್‌ಸಿ000007ಬಿ ಎಂಬ ಹೊಸ ದೂರು. ಹೆಚ್ಚಾಗಿ ಇದು 32 ಬಿಟ್ಟಿನದೂ 64 ಬಿಟ್ಟಿನದೂ ಅದಲುಬದಲಾದ ಲಕ್ಷಣ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು, 32 ಬಿಟ್ಟಿನವು ಇರುವುದು ಸಿಸ್‌ವಾವ್64ರಲ್ಲಿ. ಹೀಗೆ ಹೆಸರಿಟ್ಟ ಪುಣ್ಯಾತ್ಮರ ಮುಂದೆ ನಮ್ಮಣ್ಣನ ‘ನ್ಯೂ ಫೋಲ್ಡರ್ 2’ ಎಷ್ಟೋ ವಾಸಿ. ಸರಿಯಾದದ್ದನ್ನು ಹುಡುಕಿ ಹಾಕಿದ ಮೇಲೆ ವಿಸಿರನ್‌ಟೈಮ್140 ಇಲ್ಲ ಅನ್ನುತ್ತದೆ. ಅದನ್ನು ಹಾಕಲು ನಾಳೆ ಬರುತ್ತಾನೆ. ಫೈಲಿಗೊಂದು ವಿಸಿಟ್.

ಆತನ ವಿದ್ಯೆಯನ್ನು ತೀರ ಹೀಗಳೆಯುವಂತಿಲ್ಲ. ಕೊಬ್ಬರಿ ಮಂಡಿಗಳಲ್ಲಿ ವಿಷುವಲ್ ಬೇಸಿಕ್ 6 ಕಾಲದ ಬಿಲ್ಲಿಂಗ್ ಸಾಫ್ಟ್‌ವೇರ್ ಇನ್ನೂ ಉಸಿರಾಡುತ್ತಿದ್ದರೆ ಅದು ಈತನಿಂದಲೇ. ವಿಷುವಲ್ ಬೇಸಿಕ್ 6 ಹುಟ್ಟಿದ್ದು 1998ರಲ್ಲಿ, ಆ ಬಿಲ್ಲಿಂಗ್ ಸಾಫ್ಟ್‌ವೇರ್ ಬರೆದುಕೊಟ್ಟವನು ಎಂದೋ ಬೆಂಗಳೂರು ಸೇರಿದ. ಎಂಎಸ್‌ಕಾಮ್‌ಸಿಟಿಎಲ್ ಎಂಬ ಓಸಿಎಕ್ಸ್ ಫೈಲು ಕೈಕೊಟ್ಟಾಗ ಅಣ್ಣ ಕಪ್ಪು ಕಿಟಕಿ ತೆರೆದು, ‘ರೆಗ್‌ಎಸ್‌ವಿಆರ್32’ ಎಂಬ ಮಂತ್ರವನ್ನು ಕಣ್ಣುಮುಚ್ಚಿ ಟೈಪ್ ಮಾಡುತ್ತಾನೆ. “ನೋಡಿ, ಸಕ್ಸೀಡೆಡ್ ಅಂತ ಬಂತು!” ಅಲ್ಲಿ ಆತ ಮಾಡುವುದು ನೂರಕ್ಕೆ ನೂರು ಸರಿ. ಮಂಡಿಯ ಸಾಹುಕಾರರು ಕಾಫಿ ತರಿಸುತ್ತಾರೆ.

ಯಾವ ಮಂತ್ರವೂ ನಾಟದಿದ್ದರೆ ಬ್ರಹ್ಮಾಸ್ತ್ರವೊಂದಿದೆ. “ಓಎಸ್ ಹೋಗೈತೆ ಸಾ, ಫಾರ್ಮ್ಯಾಟ್ ಹೊಡಿಬೇಕು. ಡೆಸ್ಕ್‌ಟಾಪ್ನಾಗೆ ಏನಾರ ಐತಾ?” ಇರುವುದೆಲ್ಲ ಡೆಸ್ಕ್‌ಟಾಪಿನಲ್ಲೇ! ಯಜಮಾನರ ಲಗ್ನಪತ್ರಿಕೆಯೂ ಅಲ್ಲೇ.

ದುಡ್ಡಿನ ಮಾತು ಬಂದಾಗ “ನೀವ್ ಕೊಟ್ಟಷ್ಟು ಕೊಡಿ” ಅನ್ನುತ್ತಾನೆ, ಕೊಟ್ಟಷ್ಟನ್ನು ಎಣಿಸಿ ಅಲ್ಲೇ ನಿಂತಿರುತ್ತಾನೆ. ಆದರೆ ಮಳೆಯಲ್ಲಿ, ರಾತ್ರಿ ಹತ್ತಕ್ಕೆ, ಬೈಕಿನಲ್ಲಿ ನೆನೆದು ಬರುವವನು ಆತ ಒಬ್ಬನೇ. ಆದ್ದರಿಂದ ಆತನನ್ನು ಬಿಡಬೇಡಿ, ಪೆನ್‌ಡ್ರೈವನ್ನು ಮಾತ್ರ ಬಿಡಿಸಿ. ಮುಂದಿನ ಸಲ ಕರೆದಾಗ, “ಬಿಡಿ ಫೈಲ್ ಬೇಡಪ್ಪ, ಮೈಕ್ರೋಸಾಫ್ಟ್‌ನವರ ಪ್ಯಾಕೇಜನ್ನೇ ಇಳಿಸಿ ಹಾಕು, ಎಕ್ಸ್86, ಎಕ್ಸ್64 ಎರಡೂ ಹಾಕು, ವಿಸಿಟ್ ದುಡ್ಡು ಅಷ್ಟೇ ಕೊಡ್ತೀನಿ” ಎಂದು ಮೊದಲೇ ಹೇಳಿಬಿಡಿ.