ಕರೆಂಟಿನ ವಾಸನೆ

ನನ್ನ ಮೂಗಿಗೆ ನಮ್ಮ ಮನೆಯಲ್ಲಿ ಕವಡೆ ಕಾಸಿನ ಕಿಮ್ಮತ್ತಿಲ್ಲ. ಒಲೆಯಿಂದ ನಾಲ್ಕು ಮಾರು ದೂರದಲ್ಲಿ ಕೂತು ಪೇಪರ್ ಓದುತ್ತ ಮೂರು ಸಲ ಹಾಲು ಸೀಯಿಸಿದ ಕೀರ್ತಿ ಅದರದ್ದು. ‘ದೇವರು ನಿಮಗೆ ಅದನ್ನ ಕನ್ನಡಕ ಇಡೋದಕ್ಕೆ ಅಂತ ಕೊಟ್ಟಿದ್ದಾನೆ, ಅಷ್ಟೆ’ ಎಂಬುದು ಮನೆಯಾಕೆಯ ತೀರ್ಪು. ಅಂಥ ಮೂಗು ಜನವರಿಯ ಒಂದು ರಾತ್ರಿ ಇದ್ದಕ್ಕಿದ್ದಂತೆ ಎಚ್ಚೆತ್ತು ‘ಏನೋ ವಾಸನೆ’ ಎಂದರೆ ಯಾರು ನಂಬುತ್ತಾರೆ?

ಆದದ್ದಿಷ್ಟು. ಮಲಗುವ ಮುಂಚೆ ದೀಪ ಆರಿಸಿ, ಸ್ವೆಟರನ್ನು ತಲೆಯ ಮೇಲಿಂದ ಎಳೆದೆ. ಉಣ್ಣೆಯದ್ದೆಂದು ಚೌಕಾಸಿ ಮಾಡಿ ಕೊಂಡದ್ದು. ಮನೆಗೆ ಬಂದು ಒಳಗಿನ ಚೀಟಿ ಓದಿದಾಗ ಅಕ್ರಿಲಿಕ್ ಎಂದು ತಿಳಿದದ್ದು. ಅದು ಕಿವಿ ದಾಟುವಾಗ ಸಾಸಿವೆ ಸಿಡಿದಂತೆ ಚಟಚಟ ಎಂದಿತು. ಕತ್ತಲಲ್ಲಿ ನೀಲಿ ಕಿಡಿಗಳು. ತಲೆಯಲ್ಲಿ ಅಳಿದುಳಿದ ಕೂದಲೆಲ್ಲ ಮೇಷ್ಟ್ರು ಹಾಜರಿ ಕೂಗಿದಂತೆ ಎದ್ದು ನಿಂತವು. ಅದೇ ಗಳಿಗೆಯಲ್ಲಿ ಸ್ವೆಟರಿನೊಳಗೆ ಸಿಕ್ಕಿಕೊಂಡಿದ್ದ ಮೂಗಿಗೆ ಚುರುಕಾದ, ತಣ್ಣನೆಯ ಒಂದು ವಾಸನೆ ಬಡಿಯಿತು. ಸುಟ್ಟ ವಾಸನೆಯಲ್ಲ, ಬೆವರಿನದ್ದೂ ಅಲ್ಲ. ಗುಡುಗು ಸಿಡಿಲು ಬಂದುಹೋದ ಮೇಲಿನ ಗಾಳಿಗೆ ಒಂದು ಚಿಟಿಕೆ ಬ್ಲೀಚಿಂಗ್ ಪೌಡರ್ ಬೆರೆಸಿದ ಹಾಗೆ.

‘ರೀ, ಎಲ್ಲೋ ಹೆಗ್ಗಣ ಸತ್ತಿರಬೇಕು, ಬೆಳಿಗ್ಗೆ ನೋಡೋಣ, ಮಲಗಿ’ ಎಂದಳು. ನಾವಿರುವುದು ಬೆಂಗಳೂರಿನ ಹೆಗ್ಗನಹಳ್ಳಿ. ನಕಾರಕ್ಕೂ ಣಕಾರಕ್ಕೂ ಭೇದವೆಣಿಸದ ನಮ್ಮ ಬಂಧುಗಳು ಊರಿನ ಹೆಸರು ಕೇಳಿದ ದಿನದಿಂದ ಮನೆಯಲ್ಲಿ ಏನು ನಾರಿದರೂ ಆ ಬಡಪ್ರಾಣಿಯ ಮೇಲೆ ಹೊರಿಸುತ್ತ ಬಂದಿದ್ದಾರೆ. ನಾನು ಒಪ್ಪಲಿಲ್ಲ. ವೈರಿಂಗ್ ಸುಡುತ್ತಿದೆ ಎಂದು ಹಟ ಹಿಡಿದೆ. ಟಾರ್ಚ್ ಹಿಡಿದು ಸ್ವಿಚ್ ಬೋರ್ಡುಗಳನ್ನು ಒಂದೊಂದಾಗಿ ಮೂಸಿದೆ. ಮೆಟ್ಟಿಲ ಕೆಳಗಿನ ಮೀಟರ್ ಬೋರ್ಡಿಗೆ ಮೂಗು ಹಚ್ಚಿ ನಿಂತಿದ್ದಾಗ ಸೆಕೆಂಡ್ ಶಿಫ್ಟ್ ಮುಗಿಸಿ ಮೇಲಿನ ಮನೆಯ ಹುಡುಗ ಬಂದ. ಗದಗಿನ ಕಡೆಯವನು, ಪೀಣ್ಯದಲ್ಲಿ ಪೌಡರ್ ಕೋಟಿಂಗ್ ಕೆಲಸ. ನನ್ನ ಭಂಗಿ ನೋಡಿ ಒಂದು ಕ್ಷಣ ಅನುಮಾನಿಸಿದನಾದರೂ ಎಲ್ಲವನ್ನೂ ಸಾವಧಾನವಾಗಿ ಕೇಳಿಕೊಂಡ. ಸ್ವೆಟರ್ ತರಿಸಿದ. ನನಗೇ ಹಾಕಿಸಿ, ನನ್ನಿಂದಲೇ ತೆಗೆಸಿ, ಪಕ್ಕದಲ್ಲಿ ನಿಂತು ಮೂಸಿ ನಕ್ಕ.

‘ಸರ, ಇದು ನಮ್ಮ ಗನ್ನಿನ ವಾಸನಿ ಐತ್ರಿ!’

ಈ ಗನ್ನು ಗುಂಡು ಹಾರಿಸುವುದಲ್ಲ. ಬಣ್ಣದ ಪುಡಿಗೆ 60ರಿಂದ 100 ಸಾವಿರ ವೋಲ್ಟಿನ ಮಂತ್ರ ಹಾಕಿ ಊದುವ ಯಂತ್ರ. ಎದುರಿಗೆ ಅರ್ತಿಂಗ್ ಕೊಟ್ಟು ನೇತುಹಾಕಿದ ಕಬ್ಬಿಣದ ಸಾಮಾನಿಗೆ ಪುಡಿ ತಾನಾಗಿ ಓಡಿಹೋಗಿ ಅಂಟಿಕೊಳ್ಳುತ್ತದೆ; ಆಮೇಲೆ ಒವೆನ್ನಿನಲ್ಲಿ ಬೇಯಿಸಿದರೆ ಬಣ್ಣ ಗಟ್ಟಿ. ಗನ್ನಿನ ತುದಿಯ ಸುತ್ತ ಗಾಳಿಯೇ ಸಣ್ಣಗೆ ಸಿಡಿಯುವಾಗ ಹುಟ್ಟುವ ವಾಸನೆಯನ್ನು ಅವನು ದಿನವೂ ಕುಡಿಯುತ್ತಾನೆ. ಅವನ ಕಾರ್ಖಾನೆಯಲ್ಲಿ ನಡೆಯುವುದೇ ನನ್ನ ಸ್ವೆಟರಿನೊಳಗೆ, ಗುಡಿಕೈಗಾರಿಕೆಯ ಮಟ್ಟದಲ್ಲಿ, ನಡೆದಿತ್ತು.

ವಾಸನೆಯ ಹೆಸರು ಓಜೋನ್. ಅದರ ಹುಟ್ಟು ಒಂದು ಕೌಟುಂಬಿಕ ಪ್ರಸಂಗ. ಗಾಳಿಯಲ್ಲಿ ಆಮ್ಲಜನಕದ ಪರಮಾಣುಗಳು ಯಾವಾಗಲೂ ದಂಪತಿಗಳಾಗಿ ಓಡಾಡುತ್ತವೆ. ಕಿಡಿ ಬಂದು ಒಂದು ಜೋಡಿಯನ್ನು ಒಡೆಯುತ್ತದೆ. ಒಂಟಿಯಾದದ್ದು ಬೀದಿಯಲ್ಲಿ ಇರಲಾರದೆ ಇನ್ನೊಂದು ದಂಪತಿಯ ಮನೆಗೆ ಪೇಯಿಂಗ್ ಗೆಸ್ಟಾಗಿ ಸೇರುತ್ತದೆ. ಒಂದು ರೂಮಿನ ಮನೆಯಲ್ಲಿ ಮೂವರು! ಸಂಸಾರ ಎಷ್ಟು ದಿನ ನಡೆದೀತು? ಸಿಕ್ಕಿದವರ ಮೇಲೆಲ್ಲ ಜಗಳ ತೆಗೆದು, ಪರದೆ, ರಬ್ಬರು, ಕೂದಲು ಎನ್ನದೆ ಅಂಟಿಕೊಂಡು ಬೇಗನೆ ಮುರಿದುಬೀಳುತ್ತದೆ. ಭೂಮಿಯಿಂದ 15-35 ಕಿಲೋಮೀಟರ್ ಮೇಲಿದ್ದರೆ ಇದೇ ಓಜೋನ್ ಸೂರ್ಯನ ಅತಿನೇರಳೆ ಕಿರಣಗಳಿಂದ ನಮ್ಮನ್ನು ಕಾಯುವ ಮಹಾನುಭಾವ. ಕೆಳಗಿಳಿದು ಹೆಚ್ಚಾದರೆ ಶ್ವಾಸಕೋಶಕ್ಕೆ ಕೇಡು. ದೂರವಿದ್ದಷ್ಟೂ ಗೌರವ ಹೆಚ್ಚುವ ನೆಂಟರು ಎಲ್ಲರ ಮನೆಯಲ್ಲೂ ಇರುತ್ತಾರಲ್ಲ, ಹಾಗೆ. ಸ್ವೆಟರಿನಲ್ಲಿ ಹುಟ್ಟುವುದು ಹೆದರುವಷ್ಟಲ್ಲ, ಬರೀ ಮೂಗಿಗೆ ತಿಳಿಯುವಷ್ಟು.

ಈ ಕಿಡಿಯೂ ಬಡಪಾಯಿಯೇ. ಬಾಗಿಲ ಚಿಲಕ ಮುಟ್ಟಿದಾಗ ‘ಚುರ್’ ಎನ್ನಿಸುವುದಕ್ಕೆ ಸುಮಾರು 3000 ವೋಲ್ಟ್ ಬೇಕು. ಮನೆಯ ಸಾಕೆಟ್ಟಿನಲ್ಲಿರುವುದು ಬರೀ 230. ಆದರೂ ನಾವು ಸಾಯುವುದಿಲ್ಲ. ತೆಂಗಿನಮರದಷ್ಟು ಎತ್ತರದಿಂದ ಬಿದ್ದರೂ ಬೀಳುವುದು ಒಂದೇ ಹನಿ ನೀರು, ತಲೆ ಒಡೆದೀತೆ? ಮಳೆಗಾಲದಲ್ಲಿ ಗಾಳಿಯ ತೇವ ಈ ವಿದ್ಯುತ್ತನ್ನು ಕೂಡುವ ಮೊದಲೇ ಸೋರಿಸಿಬಿಡುತ್ತದೆ. ಚಳಿ ಶಿವ ಶಿವಾ ಎಂದು ಹೊರಡುವ ಶಿವರಾತ್ರಿಯ ಆಸುಪಾಸಿನಲ್ಲಿ ನಮ್ಮ ಬೆಂಗಳೂರಿನ ಗಾಳಿ ಹಪ್ಪಳದಂತೆ ಒಣಗುತ್ತದೆ ನೋಡಿ, ಆಗ ಪ್ಲಾಸ್ಟಿಕ್ ಕುರ್ಚಿಯಿಂದ ಎದ್ದವರೆಲ್ಲ ಮಿಂಚುಗಾರರೇ. ಉಜ್ಜಿದರೆ ಹುಲ್ಲೆಳೆ ಸೆಳೆಯುವ ರಾಳದ ಹರಳನ್ನು ಸಂಸ್ಕೃತದವರು ತೃಣಮಣಿ ಎಂದರು. ಎಷ್ಟು ಚೆಂದದ ಹೆಸರು! ನನ್ನ ಸ್ವೆಟರಿಗೂ ಹಾಗೇ ಏನಾದರೂ ಇಡಬೇಕೆನಿಸಿ, ‘ಕೇಶಮಣಿ’ ಎಂದುಕೊಂಡು, ಕನ್ನಡಿ ನೋಡಿಕೊಂಡು ಸುಮ್ಮನಾದೆ.

ಈ ವಾಸನೆ ಹಿಡಿದವರಲ್ಲಿ ನಾನೇನೂ ಮೊದಲಿಗನಲ್ಲ. 1785ರಲ್ಲಿ ಹಾಲೆಂಡಿನ ಹಾರ್ಲೆಮ್ ಊರಿನಲ್ಲಿ ವಾನ್ ಮಾರುಮ್ ಎಂಬಾತ ದೊಡ್ಡ ಗಾಜಿನ ತಟ್ಟೆಗಳ ವಿದ್ಯುತ್ ಯಂತ್ರ ತಿರುಗಿಸುವಾಗ ಇದನ್ನು ಗಮನಿಸಿ, ವಿದ್ಯುತ್ತಿನದ್ದೇ ವಾಸನೆ ಎಂದುಕೊಂಡ. ಅದು ವಿದ್ಯುತ್ತಿನದ್ದಲ್ಲ, ಬೇರೆಯೇ ಒಂದು ವಸ್ತು ಎಂದು 1840ರ ಸುಮಾರಿಗೆ ಪತ್ತೆಮಾಡಿದವನು ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿ ಪ್ರೊಫೆಸರನಾಗಿದ್ದ ಶೋನ್‌ಬೈನ್. ಹೆಸರಿಟ್ಟವನೂ ಅವನೇ. ಗ್ರೀಕಿನಲ್ಲಿ ‘ವಾಸನೆ ಬೀರು’ ಎಂಬ ಮಾತಿನಿಂದ ಓಜೋನ್. ಅಂದರೆ ನಮ್ಮ ಲೆಕ್ಕದಲ್ಲಿ ‘ನಾರಪ್ಪ’. ಇದೇ ಪುಣ್ಯಾತ್ಮ, ಹೆಂಡತಿ ಬೇಡವೆಂದರೂ ಕೇಳದೆ ಅಡುಗೆಮನೆಯಲ್ಲಿ ಪ್ರಯೋಗ ನಡೆಸಿ ಆಸಿಡ್ ಚೆಲ್ಲಿ, ಗಾಬರಿಯಲ್ಲಿ ಆಕೆಯ ಹತ್ತಿ ಏಪ್ರನ್ನಿನಿಂದ ಒರೆಸಿ ಒಲೆಯ ಹತ್ತಿರ ಒಣಹಾಕಿದನಂತೆ. ಏಪ್ರನ್ ಭಗ್ಗೆಂದು ಮಾಯವಾಗಿ, ಗನ್ ಕಾಟನ್ ಎಂಬ ಸಿಡಿಮದ್ದು ಸಿಕ್ಕಿತು ಎಂದು ಕತೆ. ಹೆಂಡತಿ ಏನೆಂದಳೆಂದು ಕತೆ ಹೇಳುವುದಿಲ್ಲ. ನನಗೆ ಊಹಿಸಬಲ್ಲಷ್ಟು ಅನುಭವವಿದೆ.

ಜೆರಾಕ್ಸ್ ಅಂಗಡಿಯ ವಾಸನೆಯಲ್ಲೂ ಈ ನಾರಪ್ಪನ ಪಾಲಿತ್ತು. ಹಳೆಯ ಯಂತ್ರಗಳ ಡ್ರಮ್ಮಿಗೆ ವಿದ್ಯುತ್ತು ತುಂಬುವ ಸಪೂರ ತಂತಿಯ ಸುತ್ತ ಗಾಳಿ ಹೀಗೇ ಸಿಡಿಯುತ್ತಿತ್ತು. ಆಧಾರ್ ಕಾರ್ಡಿನ ನಕಲಿಗಾಗಿ ಸರದಿಯಲ್ಲಿ ನಿಂತು ಅದೆಷ್ಟು ಓಜೋನ್ ಪುಕ್ಕಟೆ ಮೂಸಿದ್ದೇನೋ.

ಇಷ್ಟೆಲ್ಲ ತಿಳಿದುಕೊಂಡ ಮೇಲೆ ಒಂದು ಸಂಜೆ ನನ್ನ ಮೂಗಿನ ಪರವಾಗಿ ವಕಾಲತ್ತು ಹೂಡಿದೆ. ‘ನೋಡು, ಗಾಳಿಯ ನೂರು ಕೋಟಿ ಕಣಗಳಲ್ಲಿ ಹತ್ತಿಪ್ಪತ್ತು ಓಜೋನ್ ಇದ್ದರೂ ಮನುಷ್ಯನ ಮೂಗು ಹಿಡಿಯುತ್ತೆ. ಇನ್ನೊಂದು ವಿಷಯ, ಓಜೋನ್ ನಮ್ಮ ಚರ್ಮದ ಎಣ್ಣೆಯ ಜೊತೆ ಸೇರಿದರೆ ಬೇರೆ ವಾಸನೆಗಳೂ ಹುಟ್ಟುತ್ತವೆ.’

‘ಹಾಗಾದ್ರೆ ಆವತ್ತು ನಾರಿದ್ದು ನೀವೇ ಅನ್ನಿ’ ಎಂದಳು.

ಪೂರ್ತಿ ಅಲ್ಲಗಳೆಯಲಾಗಲಿಲ್ಲ. ಪ್ರಾತ್ಯಕ್ಷಿಕೆಯೇ ದಾರಿ. ದೀಪ ಆರಿಸಿದೆ. ಸ್ವೆಟರ್ ಈ ಸಲ ಅವಳ ತಲೆಯ ಮೇಲಿಂದ ಬಂತು. ಚಟಚಟ, ನೀಲಿ ಕಿಡಿ. ‘ಅಯ್ಯೋ, ಹೌದು ರೀ! ಇನ್ನೊಂದ್ಸಲ’ ಎಂದಳು. ಇನ್ನೊಂದು ಸಲ ಆಯಿತು, ಮತ್ತೊಂದೂ ಆಯಿತು. ಕತ್ತಲಲ್ಲಿ ಇಬ್ಬರೂ ಒಂದೇ ಸ್ವೆಟರಿನೊಳಗೆ ಮೂಗಿಟ್ಟು ಕೂತಿದ್ದಾಗ ಮೇಲಿನ ಮನೆಯ ಕಿಟಕಿಯಿಂದ ಕೂಗು ಬಂತು.

‘ಅಕ್ಕಾರ, ನಿಮ್ಮ ಹಾಲು ಹೊತ್ತಿದ ವಾಸನಿ ಬರಾಕತ್ತೈತ್ರಿ!’

ಇದು ನಾಲ್ಕನೆಯದು. ಆದರೆ ಈ ಸಲದ ಪಾತ್ರೆಯನ್ನು ಇಬ್ಬರೂ ಸೇರಿ ಉಜ್ಜಿದೆವು.